ಚಿಂತಾಮಣಿಯ ಮುಂದೆ ಬೇಡುವವನು

ಜೈನರ ಮಾತಿನಲ್ಲಿ ‘ರತ್ನ’ ಎಂಬ ಶಬ್ದ ಬಂದಷ್ಟು ಸಲ ಬೇರೊಂದು ವಸ್ತುವಿನ ಹೆಸರು ಬರುವುದು ಅಪರೂಪ. ಸಮ್ಯಗ್ದರ್ಶನ, ಸಮ್ಯಗ್‌ಜ್ಞಾನ, ಸಮ್ಯಕ್‌ಚಾರಿತ್ರಗಳಿಗೆ ರತ್ನತ್ರಯವೆಂದು ಹೆಸರು. ಗೃಹಸ್ಥರ ಆಚಾರವನ್ನು ತಿಳಿಸುವ ಸಮಂತಭದ್ರಾಚಾರ್ಯರ ಗ್ರಂಥ ರತ್ನಕರಂಡಕ, ಎಂದರೆ ರತ್ನಗಳನ್ನಿಡುವ ಭರಣಿ. ತೀರ್ಥಂಕರರ ಮಾತೆ ಕಾಣುವ ಹದಿನಾರು ಸ್ವಪ್ನಗಳಲ್ಲಿ ರತ್ನರಾಶಿಯೂ ಒಂದು. ಕನ್ನಡ ಸಾಹಿತ್ಯದ ಹಿರಿಯರಾದ ಪಂಪ, ಪೊನ್ನ, ರನ್ನರನ್ನು ನಾಡು ರತ್ನತ್ರಯರೆಂದೇ ಗೌರವಿಸಿದೆ. ಉಟ್ಟ ಬಟ್ಟೆಯನ್ನೂ ತೊರೆದು ಕಾಡಿಗೆ ನಡೆದ ಮಹಾಪುರುಷರನ್ನು ಪೂಜಿಸುವ ಧರ್ಮವು ತನ್ನ ಪರಮ ಮೌಲ್ಯಗಳಿಗೆ ಲೋಕದ ಅತಿ ಬೆಲೆಯ ವಸ್ತುವಿನ ಹೆಸರನ್ನೇ ಇಟ್ಟುಕೊಂಡಿರುವುದು ಯೋಚಿಸಬೇಕಾದ ಸಂಗತಿ.

ಈ ರತ್ನಗಳಲ್ಲೆಲ್ಲ ವಿಚಿತ್ರವಾದದ್ದು ಚಿಂತಾಮಣಿ. ಅದು ಯಾವ ಗಣಿಯಲ್ಲಿಯೂ ದೊರೆತದ್ದಿಲ್ಲ. ಯಾವ ರತ್ನಪರೀಕ್ಷಕನೂ ಅದನ್ನು ತೂಗಿ ಬೆಲೆ ಕಟ್ಟಿದ್ದಿಲ್ಲ. ಅದು ಕವಿಕಲ್ಪನೆಯ ಲೋಕದ ಹರಳು. ಅದನ್ನು ಕೈಯಲ್ಲಿ ಹಿಡಿದು ಮನಸ್ಸಿನಲ್ಲಿ ಏನನ್ನು ನೆನೆದರೂ ಆ ಕ್ಷಣವೇ ಅದು ಕೈಗೂಡುತ್ತದೆಯೆಂದು ಭಾರತದ ಪ್ರಾಚೀನ ಸಾಹಿತ್ಯ ಹೇಳುತ್ತ ಬಂದಿದೆ. ಜೈನ, ಬೌದ್ಧ, ವೈದಿಕ ಪರಂಪರೆಗಳು ಮೂರೂ ಅದನ್ನು ಬಲ್ಲವು. ಜೈನ ಭಕ್ತರಾದರೋ ತ್ರಯೋವಿಂಶ ತೀರ್ಥಂಕರರನ್ನು ಚಿಂತಾಮಣಿ ಪಾರ್ಶ್ವನಾಥನೆಂದು ಕರೆದು ಆ ಹೆಸರನ್ನು ಗರ್ಭಗುಡಿಯವರೆಗೂ ತಂದಿದ್ದಾರೆ.

ಇಲ್ಲಿಯೇ ಒಂದು ಪ್ರಶ್ನೆ ಏಳುತ್ತದೆ. ಜಿನನು ವೀತರಾಗ. ಪೂಜಿಸಿದವನಿಗೆ ಒಲಿಯುವುದೂ ಇಲ್ಲ, ನಿಂದಿಸಿದವನ ಮೇಲೆ ಮುನಿಯುವುದೂ ಇಲ್ಲ. ಉಪಸರ್ಗವೆಸಗಿದ ಕಮಠನನ್ನೂ ಹೆಡೆಯೆತ್ತಿ ಕಾಯ್ದ ಧರಣೇಂದ್ರನನ್ನೂ ಸಮಭಾವದಿಂದ ಕಂಡವನು ಪಾರ್ಶ್ವಜಿನ. ಅಂಥವನು ಯಾರಿಗೂ ಏನನ್ನೂ ಕೊಡುವವನಲ್ಲ. ಏನನ್ನೂ ಕೊಡದವನಿಗೆ ಎಲ್ಲವನ್ನೂ ಕೊಡುವ ಕಲ್ಲಿನ ಹೆಸರು ಹೇಗೆ ಸಲ್ಲುತ್ತದೆ? ಇದು ಬರಿಯ ಶಬ್ದದ ತೊಡಕಲ್ಲ. ಮನಸ್ಸಿನಲ್ಲಿ ಒಂದು ಬಯಕೆಯನ್ನಿಟ್ಟುಕೊಂಡು ಬಸದಿಯ ಮೆಟ್ಟಿಲೇರುವ ಪ್ರತಿಯೊಬ್ಬ ಶ್ರಾವಕ, ಶ್ರಾವಿಕೆಯೂ ತಿಳಿದೋ ತಿಳಿಯದೆಯೋ ಎದುರಿಸುವ ಪ್ರಶ್ನೆ ಇದು.

ಬೇಡಿದ್ದೆಲ್ಲ ದೊರೆತ ಕಾಲ

ಬಯಸಿದ್ದೆಲ್ಲ ದೊರೆಯುವ ಲೋಕವೊಂದಿದ್ದರೆ ಹೇಗಿರುತ್ತಿತ್ತು ಎಂಬುದನ್ನು ಜೈನ ಪುರಾಣಗಳು ಊಹೆಗೆ ಬಿಟ್ಟಿಲ್ಲ. ಆ ಲೋಕವನ್ನು ವಿಸ್ತಾರವಾಗಿ ವರ್ಣಿಸಿವೆ. ಅದೇ ಭೋಗಭೂಮಿ. ಅಲ್ಲಿ ಹತ್ತು ಬಗೆಯ ಕಲ್ಪವೃಕ್ಷಗಳು. ಒಂದು ಆಹಾರವನ್ನು, ಒಂದು ವಸ್ತ್ರವನ್ನು, ಒಂದು ಆಭರಣವನ್ನು, ಒಂದು ವಾದ್ಯವನ್ನು, ಒಂದು ಮನೆಯನ್ನು, ಒಂದು ಬೆಳಕನ್ನು ಕೊಡುತ್ತದೆ. ಉಳುವವರಿಲ್ಲ, ನೇಯುವವರಿಲ್ಲ, ಮಾರುವವರಿಲ್ಲ. ರೋಗವಿಲ್ಲ, ಜಗಳವಿಲ್ಲ. ಚಿಂತಾಮಣಿಯೊಂದು ಪ್ರತಿಯೊಬ್ಬರ ಅಂಗಳದಲ್ಲಿಯೂ ಬೇರೂರಿ ನಿಂತಂತೆ.

ಆದರೆ ಆಗಮವು ಅದೇ ಭೋಗಭೂಮಿಯ ವಿಷಯದಲ್ಲಿ ಇನ್ನೊಂದು ಮಾತನ್ನೂ ಹೇಳುತ್ತದೆ. ಅಲ್ಲಿಂದ ನೇರವಾಗಿ ಮೋಕ್ಷಕ್ಕೆ ದಾರಿಯಿಲ್ಲ. ಭೋಗಭೂಮಿಯ ಜೀವನಿಗೆ ಸಮ್ಯಗ್ದರ್ಶನ ಉಂಟಾಗಬಹುದು. ಆದರೆ ವ್ರತವನ್ನು ತಾಳಲಾರನು, ಸಂಯಮವನ್ನು ಸಾಧಿಸಲಾರನು. ಆದ್ದರಿಂದ ನಾಲ್ಕನೆಯ ಗುಣಸ್ಥಾನವನ್ನು ಮೀರಿ ಏರಲಾರನು. ಸ್ವರ್ಗದ ದೇವತೆಗಳ ಸ್ಥಿತಿಯೂ ಇದೇ. ಇಂದ್ರನು ತೀರ್ಥಂಕರನಿಗೆ ಜನ್ಮಾಭಿಷೇಕ ಮಾಡಬಲ್ಲನು, ಸಮವಸರಣವನ್ನು ರಚಿಸಬಲ್ಲನು. ಒಂದು ದಿನದ ಉಪವಾಸವ್ರತವನ್ನು ಮಾತ್ರ ಕೈಗೊಳ್ಳಲಾರನು. ಕೂಲಿ ಮಾಡಿ ಬದುಕುವ ಬಡ ಶ್ರಾವಕನಿಗೆ ಸಾಧ್ಯವಾದದ್ದು ಇಂದ್ರನಿಗೆ ಅಸಾಧ್ಯ.

ಇದರಲ್ಲಿ ಗಮನಿಸಬೇಕಾದ ಇನ್ನೊಂದು ಅಂಶವಿದೆ. ಸತ್ಪಾತ್ರರಿಗೆ ದಾನವಿತ್ತ ಪುಣ್ಯದಿಂದ ಜೀವನು ಭೋಗಭೂಮಿಯಲ್ಲಿ ಜನಿಸುತ್ತಾನೆಂದು ಶಾಸ್ತ್ರ ಹೇಳುತ್ತದೆ. ಆದರೆ ಹಸಿದವರೇ ಇಲ್ಲದ ಆ ಊರಿನಲ್ಲಿ ದಾನಕ್ಕೆ ಅವಕಾಶವೆಲ್ಲಿ? ಕೊಟ್ಟು ಗಳಿಸಿದ ಲೋಕದಲ್ಲಿ ಕೊಡುವುದಕ್ಕೆ ಎಡೆಯಿಲ್ಲ. ಬಯಕೆಗಳೆಲ್ಲ ಈಡೇರಿದ ಮಾತ್ರಕ್ಕೆ ಮನುಷ್ಯನು ಉತ್ತಮನಾಗುತ್ತಾನೆ ಎಂಬ ನಂಬಿಕೆಯನ್ನು ಜೈನ ಪುರಾಣಕಾರರು ಇಷ್ಟು ಸ್ಪಷ್ಟವಾಗಿ ತಳ್ಳಿಹಾಕಿದ್ದಾರೆ.

ಕಾಲಕ್ರಮದಲ್ಲಿ ಕಲ್ಪವೃಕ್ಷಗಳು ಕ್ಷೀಣಿಸಿದವು. ಜನರು ಭಯಪಟ್ಟು ಕುಲಕರರನ್ನು ಆಶ್ರಯಿಸಿದರು. ಹದಿನಾಲ್ಕನೆಯ ಕುಲಕರ ನಾಭಿರಾಯನ ಮಗನಾದ ಋಷಭದೇವನು ಅವರಿಗೆ ಬೇರೊಂದು ಮರವನ್ನಾಗಲಿ ಹೊಸದೊಂದು ಮಣಿಯನ್ನಾಗಲಿ ಕೊಡಲಿಲ್ಲ. ಅಸಿ, ಮಷಿ, ಕೃಷಿ, ವಿದ್ಯೆ, ವಾಣಿಜ್ಯ, ಶಿಲ್ಪವೆಂಬ ಆರು ವೃತ್ತಿಗಳನ್ನು ಕಲಿಸಿದನು. ಕೇಳಿದ್ದನ್ನು ಪಡೆಯುವ ಕಾಲ ಮುಗಿದು, ದುಡಿದು ಪಡೆಯುವ ಕಾಲ ಆರಂಭವಾಯಿತು. ಇದೇ ಕರ್ಮಭೂಮಿ. ಮೋಕ್ಷಮಾರ್ಗವು ತೆರೆದುಕೊಂಡದ್ದೂ ಈ ಕರ್ಮಭೂಮಿಯಲ್ಲಿಯೇ.

ಚಕ್ರವರ್ತಿಯ ಕೈಯ ಹರಳು

ಋಷಭದೇವನ ಹಿರಿಯ ಮಗ ಭರತನಿಗೆ ಮಾತ್ರ ಅದ್ಭುತ ರತ್ನಗಳು ದೊರೆತವು. ಚಕ್ರವರ್ತಿಗೆ ನವನಿಧಿಗಳೂ ಹದಿನಾಲ್ಕು ರತ್ನಗಳೂ ಉಂಟು. ಸೇನಾಪತಿ, ಗೃಹಪತಿ, ಪುರೋಹಿತ ಮೊದಲಾದವು ಏಳು ಜೀವರತ್ನಗಳು. ಚಕ್ರ, ಛತ್ರ, ಖಡ್ಗ, ದಂಡ, ಚರ್ಮ, ಮಣಿ, ಕಾಕಿಣಿ ಎಂಬುವು ಏಳು ಅಜೀವರತ್ನಗಳು. ಇವುಗಳಲ್ಲಿ ಕಾಕಿಣಿಯ ಕಥೆ ಹೆಚ್ಚು ಅರ್ಥಪೂರ್ಣವಾಗಿದೆ. ಭರತನ ಸೈನ್ಯವು ವಿಜಯಾರ್ಧ ಪರ್ವತದ ಕಗ್ಗತ್ತಲೆಯ ಗುಹೆಯನ್ನು ಹೊಕ್ಕಾಗ ಗುಹೆಯ ಗೋಡೆಗಳ ಮೇಲೆ ಈ ರತ್ನದಿಂದ ಸೂರ್ಯಚಂದ್ರರ ಆಕೃತಿಗಳನ್ನು ಬರೆದರು. ಅವೇ ಬೆಳಗಿ ಸೈನ್ಯಕ್ಕೆ ದಾರಿ ತೋರಿದವು. ಪರಂಪರೆಯು ಕಾಕಿಣಿಗೆ ಚಿಂತಾಜನನಿ ಎಂಬ ಹೆಸರನ್ನೂ ಕೊಟ್ಟಿದೆ. ಚಿಂತೆಯೆಂದರೆ ಆಲೋಚನೆಯೂ ಹೌದು, ಕಳವಳವೂ ಹೌದು. ಮುಂದಿನ ಕಥೆಯನ್ನು ನೋಡಿದರೆ ಎರಡು ಅರ್ಥಗಳೂ ಸರಿಹೊಂದುತ್ತವೆ.

ಷಟ್‌ಖಂಡಗಳನ್ನು ಗೆದ್ದ ಭರತನು ವೃಷಭಾಚಲದ ಬಳಿಗೆ ಬಂದನು. ಆ ಬೆಟ್ಟದ ಬಂಡೆಯ ಮೇಲೆ ತನ್ನ ಹೆಸರನ್ನು ಕಾಕಿಣೀರತ್ನದಿಂದ ಕೆತ್ತಿ ತನ್ನ ಕೀರ್ತಿಯನ್ನು ಶಾಶ್ವತಗೊಳಿಸಬೇಕೆಂಬುದು ಅವನ ಆಸೆ. ಈ ಯುಗದ ಮೊದಲ ಚಕ್ರವರ್ತಿ ಅವನು. ಆದರೆ ಬೆಟ್ಟದ ಮುಂದೆ ನಿಂತು ನೋಡಿದರೆ ಬಂಡೆಯಲ್ಲಿ ಬೆರಳಿಡುವಷ್ಟೂ ತೆರಪಿಲ್ಲ! ಕಳೆದುಹೋದ ಕಾಲಚಕ್ರಗಳಲ್ಲಿ ಭೂಮಿಯನ್ನಾಳಿದ ಲೆಕ್ಕವಿಲ್ಲದಷ್ಟು ಚಕ್ರವರ್ತಿಗಳ ಹೆಸರುಗಳು ಅಲ್ಲಿ ಕಿಕ್ಕಿರಿದಿದ್ದವು. ಅವರೆಲ್ಲರೂ ತಮ್ಮ ಕೀರ್ತಿ ಶಾಶ್ವತವೆಂದೇ ಭಾವಿಸಿ ಬರೆದವರು. ಭರತನ ಗರ್ವ ಕರಗಿತು. ಆದರೂ ಆಸೆ ಕರಗಲಿಲ್ಲ. ಯಾರೋ ಒಬ್ಬ ಚಕ್ರವರ್ತಿಯ ಹೆಸರನ್ನು ತನ್ನ ಕೈಯಾರೆ ಅಳಿಸಿ ಅಲ್ಲಿ ತನ್ನ ಹೆಸರನ್ನು ಬರೆದನು.

ಒಂಬತ್ತನೆಯ ಶತಮಾನದಲ್ಲಿ ಜಿನಸೇನಾಚಾರ್ಯರು ಸಂಸ್ಕೃತದಲ್ಲಿ, ಕ್ರಿ.ಶ. 941ರಲ್ಲಿ ಪಂಪನು ಕನ್ನಡದಲ್ಲಿ ಆದಿಪುರಾಣವನ್ನು ರಚಿಸುವಾಗ ಈ ಪ್ರಸಂಗವನ್ನು ಬಿಡಲಿಲ್ಲ. ಗುಹೆಯ ಕತ್ತಲೆಯನ್ನು ಕಳೆದ ರತ್ನ ಭರತನ ಮನಸ್ಸಿನ ಕತ್ತಲೆಯನ್ನು ಕಳೆಯಲಿಲ್ಲ. ಸತ್ಯವನ್ನು ಕಣ್ಣಾರೆ ಕಂಡ ಮೇಲೂ ಕೈ ತನ್ನ ಹಳೆಯ ಕೆಲಸವನ್ನೇ ಮಾಡಿತು. ಅಳಿಸಿದವನ ಹೆಸರು ಹೇಗೆ ಅಳಿಯಿತೋ ತನ್ನದೂ ಹಾಗೆಯೇ ಅಳಿಯುವುದೆಂದು ಗೊತ್ತಿದ್ದೂ ಬರೆಯುವುದು, ಇದೇ ಮೋಹದ ಸ್ವರೂಪ. ಮುಂದೆ ಚಕ್ರರತ್ನವು ಅಯೋಧ್ಯೆಯ ಹೊರಗೆ ಕದಲದೆ ನಿಂತಿತು. ಅಣ್ಣನು ತಮ್ಮನ ಮೇಲೆ ಯುದ್ಧಕ್ಕೆ ಹೋದನು. ಗೆದ್ದ ಬಾಹುಬಲಿಯು ಗೆದ್ದ ನೆಲವನ್ನೇ ತೊರೆದನು. ರತ್ನಗಳು ಕೂಡಿಸಿಕೊಟ್ಟದ್ದು ರಾಜ್ಯವನ್ನು, ಅಗಲಿಸಿದ್ದು ಒಡಹುಟ್ಟಿದವರನ್ನು.

ಆದರೆ ಭರತನ ಕಥೆ ಅಲ್ಲಿಗೆ ಮುಗಿಯುವುದಿಲ್ಲ. ಎಷ್ಟೋ ಕಾಲದ ಮೇಲೆ ಅವನು ಕನ್ನಡಿಯಲ್ಲಿ ತನ್ನ ತಲೆಯ ನರೆಗೂದಲೊಂದನ್ನು ಕಂಡು ವಿರಕ್ತನಾಗಿ ದೀಕ್ಷೆ ವಹಿಸಿದನು. ಅಲ್ಪಕಾಲದಲ್ಲಿಯೇ ಕೇವಲಜ್ಞಾನವನ್ನು ಪಡೆದನು. ಹದಿನಾಲ್ಕು ರತ್ನಗಳು ತೋರದಿದ್ದುದನ್ನು ಒಂದು ಬಿಳಿಗೂದಲು ತೋರಿತು.

ದೋಷ ಕಲ್ಲಿನಲ್ಲಿಯೇ?

ಹಾಗಾದರೆ ರತ್ನವೇ ಕೆಟ್ಟದ್ದೇ? ಜೈನ ದರ್ಶನ ಹಾಗೆ ಹೇಳುವುದಿಲ್ಲ. ಕಲ್ಲು ಪುದ್ಗಲ. ಅದಕ್ಕೆ ಪುಣ್ಯವೂ ಇಲ್ಲ, ಪಾಪವೂ ಇಲ್ಲ. ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಉಮಾಸ್ವಾಮಿಗಳು ಪರಿಗ್ರಹವೆಂದರೇನೆಂದು ಹೇಳುವಾಗ ಹೊಲ, ಮನೆ, ಚಿನ್ನಗಳ ಪಟ್ಟಿಯನ್ನು ಕೊಡುವುದಿಲ್ಲ, ಮೂರ್ಛೆಯೇ ಪರಿಗ್ರಹವೆನ್ನುತ್ತಾರೆ. ‘ಇದು ನನ್ನದು’ ಎಂಬ ಭಾವದಲ್ಲಿ ಎಚ್ಚರ ತಪ್ಪುವುದೇ ಮೂರ್ಛೆ. ಶಾಸ್ತ್ರಕಾರರು ಹೊರಗಿನ ಪರಿಗ್ರಹಗಳನ್ನು ಹತ್ತೆಂದೂ ಒಳಗಿನ ಪರಿಗ್ರಹಗಳನ್ನು ಹದಿನಾಲ್ಕೆಂದೂ ಎಣಿಸಿದ್ದಾರೆ. ಮಿಥ್ಯಾತ್ವ, ಕ್ರೋಧ, ಮಾನ, ಮಾಯೆ, ಲೋಭ ಮೊದಲಾದ ಈ ಹದಿನಾಲ್ಕಕ್ಕೆ ಚಕ್ರವರ್ತಿಯ ಭಂಡಾರ ಬೇಕಿಲ್ಲ. ಅವು ಬಡವನ ಗುಡಿಸಲಿನಲ್ಲಿಯೂ ತುಂಬಿರಬಹುದು. ಕೈಯಲ್ಲಿ ಏನೂ ಇಲ್ಲದವನೂ ಮನಸ್ಸಿನಲ್ಲಿ ಪರಿಗ್ರಹಿಯಾಗಿರುವುದು ಸಾಧ್ಯ.

ಇಂದಿನ ಮಕ್ಕಳು ಇಂಗ್ಲಿಷಿನಲ್ಲಿ ಓದುವ ಒಂದು ಕಲ್ಪಿತ ಕಥೆಯೂ ಈ ಮಾತಿಗೆ ಸಾಕ್ಷಿ ನುಡಿಯುತ್ತದೆ. ಜೆ.ಆರ್.ಆರ್. ಟೋಲ್ಕಿನ್ ಅವರು 1937ರಲ್ಲಿ ಪ್ರಕಟಿಸಿದ ‘ದಿ ಹಾಬಿಟ್’ ಎಂಬ ಕಾದಂಬರಿಯಲ್ಲಿ ಆರ್ಕೆನ್‌ಸ್ಟೋನ್ ಎಂಬ ಹೊಳೆಯುವ ಮಣಿಯೊಂದಿದೆ. ಬೆಟ್ಟದೊಳಗಿನ ಕುಬ್ಜರ ರಾಜವಂಶದ ಪಿತ್ರಾರ್ಜಿತ ಅದು. ಬೆಂಕಿಯುಗುಳುವ ಘಟಸರ್ಪವೊಂದು ಭಂಡಾರವನ್ನೆಲ್ಲ ಆಕ್ರಮಿಸಿದಾಗ ಕಳೆದುಹೋದದ್ದು. ಆ ವಂಶದ ಥೋರಿನ್ ಎಂಬ ನಾಯಕನು ಧೀರ, ಮಾನವಂತ. ಆದರೆ ಭಂಡಾರ ಮರಳಿ ದೊರೆತೊಡನೆ ಅವನು ಬೇರೆಯೇ ಮನುಷ್ಯನಾಗುತ್ತಾನೆ. ಘಟಸರ್ಪದಿಂದ ಮನೆಮಾರು ಸುಟ್ಟುಕೊಂಡ ನೆರೆಯ ಪಟ್ಟಣದವರು ಪಾಲು ಕೇಳಿದರೆ ಕೊಡಲೊಲ್ಲನು. ಆ ಮಣಿಯು ಬಿಲ್ಬೋ ಎಂಬ ಸಾಮಾನ್ಯನ ಕೈಗೆ ಸಿಕ್ಕಿರುತ್ತದೆ. ಅವನೂ ಮೊದಲು ಅದನ್ನು ಬಚ್ಚಿಟ್ಟುಕೊಂಡವನೇ. ಕೊನೆಗೆ ಯುದ್ಧ ತಪ್ಪಲೆಂದು ಅದನ್ನು ಎದುರಾಳಿಗಳಿಗೆ ಒಪ್ಪಿಸಿ, ತನ್ನ ಮಿತ್ರರ ಕೋಪವನ್ನು ಎದುರಿಸಲು ಹಿಂದಿರುಗುತ್ತಾನೆ. ಥೋರಿನ್ ಮುಂದೆ ರಣದಲ್ಲಿ ಗಾಯಗೊಂಡು, ಬಿಲ್ಬೋನೊಡನೆ ಸಮಾಧಾನ ಮಾಡಿಕೊಂಡು ಪ್ರಾಣಬಿಡುತ್ತಾನೆ. ಬದುಕಿದ್ದಾಗ ಅವನ ಕೈಗೆ ಬಾರದ ಕಲ್ಲನ್ನು ಸತ್ತ ಮೇಲೆ ಅವನ ಎದೆಯ ಮೇಲಿಟ್ಟು ಹೂಳುತ್ತಾರೆ. ಕಲ್ಲು ಒಂದೇ. ಒಬ್ಬನಲ್ಲಿ ಅದು ಮೂರ್ಛೆಯನ್ನು ತಂದಿತು. ಇನ್ನೊಬ್ಬನಿಗೆ ತ್ಯಾಗದ ಸಾಧನವಾಯಿತು. ಜೈನಧರ್ಮದ ಪರಿಚಯವಿಲ್ಲದ ನಾಡಿನ ಕಥೆಯಾದರೂ ಶ್ರಾವಕರ ಮನೆಯ ಮಕ್ಕಳಿಗೆ ಪರಿಗ್ರಹದ ಪಾಠವನ್ನು ಅದರಿಂದಲೇ ಆರಂಭಿಸಬಹುದು.

ಕುಂದಕುಂದಾಚಾರ್ಯರು ಸಮಯಸಾರದಲ್ಲಿ ಇನ್ನೂ ಸೂಕ್ಷ್ಮವಾದ ದೃಷ್ಟಾಂತವನ್ನು ಕೊಟ್ಟಿದ್ದಾರೆ. ಅವರು ಆರಿಸಿಕೊಂಡದ್ದು ಸ್ಫಟಿಕಮಣಿಯನ್ನು. ಸ್ಫಟಿಕವು ಸ್ವಭಾವತಃ ಶುದ್ಧ, ತಾನಾಗಿ ಕೆಂಪಾಗುವುದಿಲ್ಲ. ಕೆಂಪು ವಸ್ತುವಿನ ಸಂಪರ್ಕದಿಂದ ಕೆಂಪಾಗಿ ತೋರುತ್ತದೆ. ಅಂತೆಯೇ ಆತ್ಮನು ಸ್ವಭಾವತಃ ಶುದ್ಧನು. ರಾಗಾದಿ ದೋಷಗಳ ನಿಮಿತ್ತದಿಂದ ರಾಗಿಯಾಗಿ ತೋರುತ್ತಾನೆ. ಬಣ್ಣವನ್ನು ತೊಳೆಯಲೆಂದು ಸ್ಫಟಿಕವನ್ನು ಉಜ್ಜುವುದು ವ್ಯರ್ಥ. ಪಕ್ಕದ ವಸ್ತುವನ್ನು ಸರಿಸಬೇಕು. ಬಸದಿಗಳಲ್ಲಿ ಸ್ಫಟಿಕದ ಜಿನಬಿಂಬವನ್ನು ಕಂಡು ಅದರ ಬೆಲೆಯನ್ನು ಕೇಳುವವರುಂಟು. ಆ ಬಿಂಬವು ತನ್ನಲ್ಲಿ ಏನನ್ನೂ ಹಿಡಿದಿಟ್ಟುಕೊಳ್ಳದೆ ದೀಪದ ಬೆಳಕನ್ನು ಹಾಯಗೊಡುತ್ತದೆ. ಅದರ ಉಪದೇಶವೆಲ್ಲ ಅಷ್ಟರಲ್ಲಿಯೇ ಇದೆ.

ಬೇಡುವುದು ತಪ್ಪೇ?

ಇಷ್ಟನ್ನು ಕೇಳಿದ ಗೃಹಸ್ಥನು ನ್ಯಾಯವಾಗಿಯೇ ಒಂದು ಆಕ್ಷೇಪವನ್ನು ಎತ್ತಬಹುದು. ಮುನಿಗಳಿಗೆ ಈ ಮಾತು ಸರಿ, ಸಂಸಾರಿಗೆ? ಜ್ವರದಿಂದ ನರಳುವ ಮಗುವನ್ನು ಮಡಿಲಲ್ಲಿಟ್ಟುಕೊಂಡ ತಾಯಿಯು ಜಿನಬಿಂಬದ ಮುಂದೆ ಕೈಮುಗಿದರೆ ಅವಳಿಗೆ ಸ್ಫಟಿಕದ ದೃಷ್ಟಾಂತವನ್ನು ಹೇಳುವುದೇ? ಮಳೆ ತಪ್ಪಿದ ರೈತನಿಗೆ, ಕೆಲಸ ಸಿಗದ ಯುವಕನಿಗೆ, ಮಗಳ ಮದುವೆಗೆ ದಾರಿಗಾಣದ ತಂದೆಗೆ ಬೇಡಬೇಡವೆನ್ನುವುದು ಸುಲಭ. ಹೇಳಿದವನ ಹೊಟ್ಟೆ ತುಂಬಿರುವಾಗ ಇನ್ನೂ ಸುಲಭ.

ಈ ಆಕ್ಷೇಪವನ್ನು ತಳ್ಳಿಹಾಕಲಾಗದು. ಶಾಸ್ತ್ರವು ದುಃಖಿಗಳ ದುಃಖವನ್ನು ಹಗುರಾಗಿ ಕಂಡಿಲ್ಲ. ಅದು ನಿಷೇಧಿಸುವುದು ನಿದಾನವನ್ನು. ವ್ರತವನ್ನು ಮಾಡಿ, ತಪಸ್ಸನ್ನು ಮಾಡಿ, ‘ಇದರ ಫಲವಾಗಿ ಇಂಥ ಭೋಗ ದೊರೆಯಲಿ’ ಎಂದು ಸಂಕಲ್ಪಿಸುವುದು ನಿದಾನ. ಮಾಯೆ, ಮಿಥ್ಯಾತ್ವಗಳೊಂದಿಗೆ ಅದನ್ನು ಮೂರು ಶಲ್ಯಗಳಲ್ಲಿ ಎಣಿಸಿದ್ದಾರೆ. ಶಲ್ಯವೆಂದರೆ ಮೈಯೊಳಗೆ ಮುರಿದು ಉಳಿದ ಮುಳ್ಳು. ಮುಳ್ಳು ಒಳಗಿರುವವರೆಗೆ ವ್ರತಿಯು ವ್ರತಿಯಲ್ಲ. ನಿದಾನವು ಧರ್ಮವನ್ನು ವ್ಯಾಪಾರವನ್ನಾಗಿಸುತ್ತದೆ; ಅದೂ ನಷ್ಟದ ವ್ಯಾಪಾರ. ಕಾಗೆಯನ್ನು ಓಡಿಸಲು ಕೈಯಲ್ಲಿದ್ದ ಚಿಂತಾಮಣಿಯನ್ನೇ ಎಸೆದ ಮೂರ್ಖನ ಹೋಲಿಕೆಯನ್ನು ಸೂಕ್ತಿಕಾರರು ದುರ್ಲಭವಾದ ಮನುಷ್ಯಜನ್ಮಕ್ಕೆ ಕೊಟ್ಟಿದ್ದಾರೆ. ಆ ಕಾಗೆ ಮರುದಿನ ಮತ್ತೆ ಬರುತ್ತದೆ. ಎಸೆದ ಮಣಿ ಬರುವುದಿಲ್ಲ.

ಇನ್ನು ತಾಯಿಯ ಪ್ರಶ್ನೆ. ಜಿನನು ಔಷಧವನ್ನು ಕೊಡುವುದಿಲ್ಲ, ಸತ್ಯ. ಆದರೆ ಜಿನನ ಶಾಸನದಲ್ಲಿ ಔಷಧವನ್ನು ಕೊಡಬೇಕಾದವರು ಯಾರೆಂಬುದು ನಿಶ್ಚಿತವಾಗಿದೆ. ಆಹಾರ, ಔಷಧ, ಶಾಸ್ತ್ರ, ಅಭಯವೆಂಬ ನಾಲ್ಕು ದಾನಗಳನ್ನು ಶ್ರಾವಕನ ನಿತ್ಯಕರ್ತವ್ಯವೆಂದು ವಿಧಿಸಿರುವುದು ಏತಕ್ಕೆ? ದೇವರೇ ಎಲ್ಲವನ್ನೂ ಕೊಡುವನೆಂದಾದರೆ ಮನುಷ್ಯನು ಕೈಕಟ್ಟಿ ಕುಳಿತಿರಬಹುದಾಗಿತ್ತು. ವೀತರಾಗನು ಕೊಡುವುದಿಲ್ಲವಾದ್ದರಿಂದಲೇ ಕೊಡುವ ಹೊಣೆ ಸಂಪೂರ್ಣವಾಗಿ ಮನುಷ್ಯರ ಮೇಲೆ ಬಿದ್ದಿದೆ. ಬಸದಿಯಲ್ಲಿ ಆ ತಾಯಿಯ ಪಕ್ಕದಲ್ಲಿ ನಿಂತು ಅಷ್ಟದ್ರವ್ಯಗಳಿಂದ ಪೂಜೆ ಮಾಡುತ್ತಿರುವ ಶ್ರಾವಕನೇ ಅವಳ ಬೇಡಿಕೆಗೆ ಉತ್ತರವಾಗಬೇಕಾದವನು. ಅವನು ಅವಳ ಕಣ್ಣೀರನ್ನು ನೋಡದೆ ಮಂಗಳಾರತಿ ಮುಗಿಸಿ ಹೊರಟರೆ, ಕುಂದು ಜಿನನದಲ್ಲ.

ಇದಕ್ಕೆ ಬೇಕಾದ ವ್ರತವನ್ನೂ ಆಚಾರ್ಯರು ಕೊಟ್ಟಿದ್ದಾರೆ. ಗೃಹಸ್ಥನ ಐದನೆಯ ಅಣುವ್ರತ ಪರಿಗ್ರಹ ಪರಿಮಾಣ. ಸಮಂತಭದ್ರಾಚಾರ್ಯರು ಅದಕ್ಕೆ ಇಚ್ಛಾಪರಿಮಾಣವೆಂಬ ಇನ್ನೊಂದು ಹೆಸರನ್ನೂ ಹೇಳಿದ್ದಾರೆ. ಚಿಂತಾಮಣಿಯ ಕೆಲಸ ಇಚ್ಛೆಯನ್ನು ಪೂರೈಸುವುದು. ಈ ವ್ರತದ ಕೆಲಸ ಇಚ್ಛೆಗೆ ಎಲ್ಲೆಯನ್ನು ಹಾಕುವುದು. ಪೂರೈಸಿದ ಇಚ್ಛೆಯು ಮರಿಹಾಕುತ್ತದೆ. ಎಲ್ಲೆಯೊಳಗಿನ ಇಚ್ಛೆಯು ನಿಧಾನವಾಗಿ ಶಾಂತವಾಗುತ್ತದೆ. ‘ಇಷ್ಟು ಸಾಕು’ ಎಂದು ನಿಶ್ಚಯಿಸಿದವನಿಗೆ ಮಾತ್ರ ‘ಇದು ಮಿಕ್ಕಿದೆ’ ಎಂಬುದು ಕಾಣುತ್ತದೆ. ಎಷ್ಟಿದ್ದರೂ ಸಾಲದವನ ಬಳಿ ದಾನಕ್ಕೆಂದು ಮಿಕ್ಕಿದ್ದು ಎಂದೂ ಇರುವುದಿಲ್ಲ.

ಚಿಂತಾಮಣಿಯಾದ ಮನುಷ್ಯರು

ಕನ್ನಡ ನಾಡು ಸಾವಿರ ವರ್ಷಗಳ ಹಿಂದೆಯೇ ಚಿಂತಾಮಣಿಯೆಂಬ ಹೆಸರನ್ನು ಕಲ್ಲಿನಿಂದ ಇಳಿಸಿ ಒಬ್ಬ ಮಹಿಳೆಗೆ ತೊಡಿಸಿತು. ಆಕೆಯೇ ದಾನಚಿಂತಾಮಣಿ ಅತ್ತಿಮಬ್ಬೆ. ಪತಿ ನಾಗದೇವನು ಮರಣ ಹೊಂದಿದಾಗ ಆಕೆಯ ತಂಗಿಯೂ ಸವತಿಯೂ ಆಗಿದ್ದ ಗುಂಡಮಬ್ಬೆ ಸಹಗಮನ ಮಾಡಿದಳು. ಅತ್ತಿಮಬ್ಬೆ ಮಗನನ್ನು ಬೆಳೆಸುತ್ತ ವ್ರತನಿಷ್ಠೆಯಲ್ಲಿ ಬದುಕುವುದನ್ನು ಆರಿಸಿಕೊಂಡಳು. ಪೊನ್ನನ ಶಾಂತಿಪುರಾಣವು ನಷ್ಟವಾಗಬಾರದೆಂದು ಅದರ ಸಾವಿರ ಪ್ರತಿಗಳನ್ನು ಓಲೆಗರಿಯಲ್ಲಿ ಬರೆಯಿಸಿ ಹಂಚಿದಳು. ಚಿನ್ನ ಮತ್ತು ರತ್ನಗಳ ಸಾವಿರದೈನೂರು ಜಿನಬಿಂಬಗಳನ್ನು ಮಾಡಿಸಿ ದಾನವಿತ್ತಳೆಂದು ಪ್ರಸಿದ್ಧಿ. ಲಕ್ಕುಂಡಿಯ ಬ್ರಹ್ಮಜಿನಾಲಯ ಆಕೆ ಕಟ್ಟಿಸಿದ್ದು. ಆಕೆಯ ಆಶ್ರಯದಲ್ಲಿ ರನ್ನನು ಕ್ರಿ.ಶ. 993ರಲ್ಲಿ ಅಜಿತಪುರಾಣವನ್ನು ರಚಿಸಿದನು. ರತ್ನಗಳು ಆಕೆಯ ಕೈಗೂ ಬಂದಿದ್ದವು; ಆದರೆ ಅಲ್ಲಿ ನಿಲ್ಲಲಿಲ್ಲ. ಆಕೆ ಬಂಡೆಯ ಮೇಲೆ ಯಾರ ಹೆಸರನ್ನೂ ಅಳಿಸಲಿಲ್ಲ. ಆಕೆಯ ಹೆಸರು ಅಳಿಯಲೂ ಇಲ್ಲ.

ಇದು ಹಳೆಯ ಕಾಲದ ಮಾತು ಎನ್ನುವವರಿಗೆ ಸೊಲ್ಲಾಪುರದ ಉದಾಹರಣೆಯಿದೆ. ಅಲ್ಲಿಯ ಬ್ರಹ್ಮಚಾರಿ ಜೀವರಾಜ ಗೌತಮಚಂದ ದೋಶಿಯವರು ತಮ್ಮ ನ್ಯಾಯೋಪಾರ್ಜಿತ ಸಂಪತ್ತನ್ನು ಧರ್ಮ ಮತ್ತು ಸಮಾಜದ ಕಾರ್ಯಕ್ಕೆ ವಿನಿಯೋಗಿಸಬೇಕೆಂದು ನಿಶ್ಚಯಿಸಿದರು. ಜೈನ ಸಂಸ್ಕೃತಿ ಸಂರಕ್ಷಕ ಸಂಘವನ್ನು ಸ್ಥಾಪಿಸಿ ಮೊದಲು 30,000 ರೂಪಾಯಿಗಳನ್ನಿತ್ತರು. 1944ರಲ್ಲಿ ಸುಮಾರು ಎರಡು ಲಕ್ಷ ರೂಪಾಯಿ ಬೆಲೆಯ ತಮ್ಮ ಬಹುತೇಕ ಎಲ್ಲ ಆಸ್ತಿಯನ್ನೂ ಸಂಘಕ್ಕೆ ಒಪ್ಪಿಸಿದರು. 1957ರಲ್ಲಿ ಅವರು ಸಮಾಧಿಮರಣವನ್ನು ಹೊಂದಿದರು. ಅವರ ಹೆಸರಿನ ಜೀವರಾಜ ಜೈನ ಗ್ರಂಥಮಾಲೆಯ ಮೊದಲ ಕೃತಿ ಯತಿವೃಷಭಾಚಾರ್ಯರ ತಿಲೋಯಪಣ್ಣತ್ತಿ. ಅದರ ಎರಡು ಭಾಗಗಳು 1943 ಮತ್ತು 1951ರಲ್ಲಿ ಬೆಳಕು ಕಂಡವು. ಗ್ರಂಥದ ಭಾಷೆ ಪ್ರಾಕೃತ, ಅನುವಾದ ಹಿಂದಿ. ಸಂಪಾದಕರು ಡಾ. ಹೀರಾಲಾಲ ಜೈನರು ಮತ್ತು ಡಾ. ಆ.ನೇ. ಉಪಾಧ್ಯೆಯವರು. ಉಪಾಧ್ಯೆಯವರು ಬೆಳಗಾವಿ ಜಿಲ್ಲೆಯ ಸದಲಗಾದವರು, ಕೊಲ್ಹಾಪುರದಲ್ಲಿ ಅಧ್ಯಾಪಕರಾಗಿದ್ದವರು. ಇಷ್ಟು ಭಾಷೆಗಳ ಗಡಿಗಳನ್ನು ದಾಟಿ ಒಂದು ಪುಸ್ತಕ ಸಿದ್ಧವಾಯಿತು.

ಭೋಗಭೂಮಿಯ ಕಲ್ಪವೃಕ್ಷಗಳನ್ನೂ ಚಕ್ರವರ್ತಿಯ ಹದಿನಾಲ್ಕು ರತ್ನಗಳನ್ನೂ ಒಂಬತ್ತು ನಿಧಿಗಳನ್ನೂ ಎಣಿಸಿ ಹೇಳುವ ಗ್ರಂಥಗಳಲ್ಲಿ ತಿಲೋಯಪಣ್ಣತ್ತಿ ಮುಖ್ಯವಾದದ್ದು. ರತ್ನಗಳ ಪಟ್ಟಿಯಿರುವ ಆ ಗ್ರಂಥವನ್ನು ಜನರ ಕೈಗೆ ತಲುಪಿಸಿದ್ದು, ತನ್ನ ರತ್ನಗಳನ್ನು ತನ್ನದಲ್ಲವೆಂದು ತಿಳಿದ ಒಬ್ಬ ಶ್ರಾವಕನ ಔದಾರ್ಯ.

ಏನನ್ನು ಬೇಡಬೇಕು?

ಈಗ ಮೊದಲಿನ ಪ್ರಶ್ನೆಗೆ ಮರಳಬಹುದು. ಏನನ್ನೂ ಕೊಡದ ಜಿನನಿಗೆ ಚಿಂತಾಮಣಿಯೆಂಬ ಹೆಸರು ಏಕೆ?

ಚಿಂತಾಮಣಿ ಕೊಡುವುದೆಲ್ಲವೂ ಹೊರಗಿನದು. ಅದನ್ನು ಕಳ್ಳನು ಒಯ್ಯಬಹುದು, ದಾಯಾದಿಯು ಕೇಳಬಹುದು, ಸಾವು ಬಿಡಿಸಬಹುದು. ಒಬ್ಬನ ಕೈಗೆ ಬಂದರೆ ಇನ್ನೊಬ್ಬನ ಕೈಯಿಂದ ಹೋಗಿರಬೇಕು. ರತ್ನತ್ರಯವು ಹಾಗಲ್ಲ. ಅದನ್ನು ಯಾರೂ ಯಾರಿಗೂ ಕೈಯೆತ್ತಿ ಕೊಡಲಾರರು. ಯಾರಿಂದಲೂ ಯಾರೂ ಕಸಿಯಲಾರರು. ಎಷ್ಟು ಮಂದಿ ಪಡೆದರೂ ಅದು ಕಡಮೆಯಾಗದು. ಜಿನನ ಮುಂದೆ ನಿಂತವನಿಗೆ ವಸ್ತು ಸಿಗುವುದಿಲ್ಲ. ತನ್ನ ಬಯಕೆಯ ಸ್ವರೂಪವು ಕಾಣುತ್ತದೆ. ಮನಸ್ಸಿನ ಚಿಂತೆಯನ್ನು ಪೂರೈಸಿ ನಿಲ್ಲಿಸುವುದು ಒಂದು ಬಗೆ. ಚಿಂತೆಯ ಬೇರನ್ನೇ ತೋರಿಸಿ ನಿಲ್ಲಿಸುವುದು ಇನ್ನೊಂದು ಬಗೆ. ಎರಡನೆಯದನ್ನು ಮಾಡುವವನಿಗೆ ಮೊದಲನೆಯದರ ಹೆಸರನ್ನು ಭಕ್ತರು ಪ್ರೀತಿಯಿಂದ ಕೊಟ್ಟರು. ಅದು ಅಲಂಕಾರವಾದರೂ ಸುಳ್ಳಲ್ಲ.

ತತ್ತ್ವಾರ್ಥಸೂತ್ರದ ಪಾಠದ ಆರಂಭದಲ್ಲಿ ಪಠಿಸುವ ಮಂಗಲಶ್ಲೋಕದಲ್ಲಿಯೂ ಒಂದು ಬೇಡಿಕೆ ಇದೆ. ಮೋಕ್ಷಮಾರ್ಗದ ನೇತಾರನೂ, ಕರ್ಮಪರ್ವತಗಳನ್ನು ಭೇದಿಸಿದವನೂ, ವಿಶ್ವತತ್ತ್ವಗಳನ್ನು ಅರಿತವನೂ ಆದ ಆತನಿಗೆ ನಮಿಸುವ ಭಕ್ತನು ಧನವನ್ನಾಗಲಿ ಸ್ವರ್ಗವನ್ನಾಗಲಿ ಕೇಳುವುದಿಲ್ಲ. ಆತನ ಗುಣಗಳು ತನಗೂ ಲಭಿಸಲೆಂದಷ್ಟೇ ಕೇಳುತ್ತಾನೆ. ಜೈನರು ಕೇಳಬಹುದಾದ ಬೇಡಿಕೆ ಇದೊಂದೇ. ಇದನ್ನು ಈಡೇರಿಸುವವನೂ ಕೇಳಿದವನೇ.

ಕಾಸರಗೋಡಿನಲ್ಲಿ, ವಯನಾಡಿನಲ್ಲಿ, ಸೊಲ್ಲಾಪುರದ ಸೀಮೆಯಲ್ಲಿ ಅಜ್ಜಿಯ ಮಾತು ಒಂದು, ಮೊಮ್ಮಗಳ ಶಾಲೆಯ ಪಾಠ ಇನ್ನೊಂದು. ಮನೆಯ ಚಿನ್ನವನ್ನು ಪಾಲು ಮಾಡುವಂತೆ ಭಾಷೆಯೂ ಕೆಲವೊಮ್ಮೆ ಪಾಲಾಗುತ್ತದೆ. ಆದರೆ ಈ ಶ್ಲೋಕವನ್ನು ಅಜ್ಜಿಯೂ ಮೊಮ್ಮಗಳೂ ಒಂದೇ ಸ್ವರದಲ್ಲಿ ಹೇಳಬಲ್ಲರು. ಉತ್ಸವದ ದಿನ ಜಿನಬಿಂಬದ ಮುಂದೆ ನಿಂತಾಗ ಪ್ರತಿಯೊಂದು ಮನೆಯವರೂ ತಮ್ಮ ಇಚ್ಛೆಗೆ ಒಂದು ಎಲ್ಲೆಯನ್ನು ಗೊತ್ತುಮಾಡಿಕೊಂಡು, ಆ ಎಲ್ಲೆಯ ಆಚೆಗೆ ಮಿಕ್ಕಿದ್ದನ್ನು ಪಕ್ಕದಲ್ಲಿ ಕೈಮುಗಿದು ನಿಂತವರ ಕಣ್ಣೀರಿಗೆ ಮೀಸಲಿಟ್ಟರೆ, ಆ ಬಸದಿಯಲ್ಲಿ ಚಿಂತಾಮಣಿಯನ್ನು ಬೇರೆಡೆ ಹುಡುಕಬೇಕಾಗಿಲ್ಲ. ಬೇಡುವವರ ನಡುವೆಯೇ ಅದು ದೊರೆಯುತ್ತದೆ.